ಎಮ್ಮೆದೊಡ್ಡಿಗೆ ಬಂದ ಕ್ರಿಸ್‌ಮಸ್ ಗಾಡಿ

ಚಿತ್ರಕಥೆಯ ನಲವತ್ತೆರಡನೇ ದೃಶ್ಯದಲ್ಲಿ ಇದ್ದುದು ಎರಡೇ ಪುಟ್ಟ ವಾಕ್ಯ: ‘ಗಾಡಿ ಬರುತ್ತದೆ. ಮಗು ನೋಡುತ್ತದೆ.’ ನಿರ್ದೇಶಕರು ಅದನ್ನು ಬರೆಯಲು ಅರ್ಧ ನಿಮಿಷ ತೆಗೆದುಕೊಂಡಿರಬಹುದು. ಕಲಾ ನಿರ್ದೇಶಕಿಯಾಗಿದ್ದ ನನಗೆ ಆ ಗಾಡಿಯನ್ನು ಬರಿಸುವಷ್ಟರಲ್ಲಿ ಸಾಕುಸಾಕಾಯಿತು.

ಅದು ಮನೆಮಂದಿಯೆಲ್ಲ ಕೂತು ನೋಡುವಂಥ ಕ್ರಿಸ್‌ಮಸ್ ಸಿನಿಮಾ. ಅಜ್ಜಂಪುರದ ಕಡೆ ರೈಲ್ವೆ ಗೇಟು ಕಾಯುವವನ ಮಗಳು ಕ್ರಿಸ್‌ಮಸ್ ತಾತನಿಗೆ ಕಾಗದ ಬರೆಯುತ್ತಾಳೆ. ಇಲ್ಲಿ ಹಿಮ ಬೀಳುವುದಿಲ್ಲ, ಜಿಂಕೆ ಎಳೆಯುವ ಗಾಡಿ ಈ ಕಲ್ಲುನೆಲದಲ್ಲಿ ಓಡುವುದಿಲ್ಲ, ಅವನು ಬರುವುದೇ ಸುಳ್ಳು ಎಂದು ಅಣ್ಣ ನಗುತ್ತಾನೆ. ಅವಳು ಕಾಗದವನ್ನು ಮತ್ತೆ ಬಿಚ್ಚಿ ಕೊನೆಗೆ ಒಂದು ಸಾಲು ಸೇರಿಸುತ್ತಾಳೆ: ಎತ್ತಿನ ಗಾಡಿಯಲ್ಲೇ ಬನ್ನಿ, ನಮ್ಮ ಕಡೆ ಒಳ್ಳೆಯ ಎತ್ತುಗಳಿವೆ. ಇಡೀ ಸಿನಿಮಾ ಆ ಒಂದು ಸಾಲಿನ ಮೇಲೆ ನಿಂತಿತ್ತು. ಗಾಡಿ ಬಂದಾಗ ಆ ಮಗುವಿನ ಮುಖದಲ್ಲಿ ಬೆಳಕು ಬರಬೇಕು. ಬರದಿದ್ದರೆ ಹಿಂದಿನ ನಲವತ್ತೊಂದು ದೃಶ್ಯಗಳೂ ದಂಡ.

ಜಾಗ ಹುಡುಕಿದ್ದು ನಾನೇ. ಎಮ್ಮೆದೊಡ್ಡಿ ಕಾವಲಿನ ಅಂಚು. ಡಿಸೆಂಬರ್ ಹೊತ್ತಿಗೆ ಹುಲ್ಲು ಒಣಗಿ ಜೇನಿನ ಬಣ್ಣಕ್ಕೆ ತಿರುಗಿರುತ್ತದೆ. ಅಮೃತಮಹಲ್ ದನಗಳು ಮೇಯುವ ನೆಲವಾದ್ದರಿಂದ ನಮಗೆ ಅನುಮತಿ ಸಿಕ್ಕಿದ್ದು ಎರಡೇ ಎರಡು ಬೆಳಗಿಗೆ. ಒಂದು ಮಂಗಳವಾರ, ಇನ್ನೊಂದು ಅದರ ಮುಂದಿನ ಭಾನುವಾರ. ಎರಡು ದಿನವೂ ಬಿಸಿಲೇರುವ ಮೊದಲು ಜಾಗ ಖಾಲಿ ಮಾಡಬೇಕು.

ಗಾಡಿಯನ್ನು ನಾನು ತುಂಬ ಹೆಮ್ಮೆಯಿಂದ ಮಾಡಿದ್ದೆ. ಟೈರ್ ಗಾಡಿಯೊಂದರ ಮೇಲೆ ಪ್ಲೈವುಡ್ಡಿನಲ್ಲಿ ಹಿಮದ ಮೇಲೆ ಓಡುವ ಜಾರುಬಂಡಿಯ ಆಕಾರ ಕೊಯ್ಯಿಸಿ, ಮುಂಭಾಗವನ್ನು ಹಂಸದ ಕತ್ತಿನಂತೆ ಬಾಗಿಸಿ, ಕೆಂಪು ಬಳಿದು, ಅಂಚಿಗೆಲ್ಲ ಚಿನ್ನದ ಬಣ್ಣ ಕೊಟ್ಟಿದ್ದೆ. ಸೀಟಿನ ಕೆಳಗೆ ಬ್ಯಾಟರಿ, ಸುತ್ತ ಸಣ್ಣ ಸೀರಿಯಲ್ ಬಲ್ಬು. ಎತ್ತುಗಳ ಕೊಂಬಿಗೂ ಬಲ್ಬಿನ ಸರ ಸುತ್ತಬೇಕೆಂದಿದ್ದೆ. ಎತ್ತಿನ ಯಜಮಾನರು ಎಪ್ಪತ್ತು ದಾಟಿದ ರೈತರು, ಪಂಚನಹಳ್ಳಿಯ ಕಡೆಯವರು, ಒಂದು ಜೋಡಿ ಅಮೃತಮಹಲ್ ಎತ್ತನ್ನು ಮಕ್ಕಳಿಗಿಂತ ಹೆಚ್ಚಾಗಿ ಸಾಕಿದವರು. ನನ್ನ ಕೈಯಲ್ಲಿದ್ದ ವೈರನ್ನು ನೋಡಿ ಅವರು ಅಡ್ಡ ನಿಂತರು.

“ಕೊಂಬಿಗೆ ಕರೆಂಟ್ ಕಟ್ತೀಯೇನವ್ವ? ನಿನ್ ತಲೆಗೆ ಕಟ್ಕೊ ಮೊದ್ಲು, ಆಮೇಲೆ ನೋಡಾನ.”

ಕೊಂಬಿನ ಬಲ್ಬು ಅಲ್ಲಿಗೇ ನಿಂತಿತು. ಉಳಿದದ್ದೆಲ್ಲ ಸಿದ್ಧವಾಗಿತ್ತು.

ಮಂಗಳವಾರ ಎಲ್ಲವೂ ಕೆಟ್ಟಿತು. ಸೂರ್ಯ ನಮ್ಮ ಬೆನ್ನಿಗಿರಲಿ, ಗಾಡಿಯ ಮೇಲೆ ನೇರ ಬೆಳಕು ಬೀಳಲಿ ಎಂದು ಗಾಡಿಯನ್ನು ಪಶ್ಚಿಮದ ಕಡೆಯಿಂದ ಬರಿಸಿದೆವು. ಮಂಜಿನಂತೆ ಕಾಣಲೆಂದು ತಂದಿದ್ದ ಹೊಗೆ ಯಂತ್ರ ಬುಸುಗುಟ್ಟಿದ್ದೇ ತಡ, ಗಾಳಿ ಹೊಗೆಯನ್ನೆಲ್ಲ ಎತ್ತಿಕೊಂಡು ಹೋಗಿ ಊಟದ ವ್ಯಾನಿನ ಮೇಲೆ ಸುರಿಯಿತು. ಬೆಳಕು ಹರಿದ ಮೇಲೆ ಬಲ್ಬು ಉರಿಯುತ್ತಿದೆಯೋ ಇಲ್ಲವೋ ಎಂಬುದೇ ತಿಳಿಯಲಿಲ್ಲ. ತಾತನ ಪಾತ್ರಕ್ಕೆ ಬೆಂಗಳೂರಿನಿಂದ ಬಂದಿದ್ದ ನಟರಿಗೆ ಹತ್ತಿಯ ಗಡ್ಡ ಅಂಟಿಸುತ್ತಿದ್ದುದನ್ನು ಮಗಳ ಪಾತ್ರದ ನಮ್ಮ ಹುಡುಗಿ ಪಕ್ಕದಲ್ಲೇ ಕೂತು, ಇಡ್ಲಿ ತಿನ್ನುತ್ತ ನೋಡಿದ್ದಳು.

ಆ ಹುಡುಗಿಗೆ ಒಂಬತ್ತು ವರ್ಷ. ಪಂಚನಹಳ್ಳಿಯ ಶಾಲೆಯಿಂದ ಆರಿಸಿದ್ದೆವು. ಕ್ಯಾಮೆರಾ ಮುಂದೆ ಎಳ್ಳಷ್ಟೂ ಹೆದರದ ಮಗು. ಆದರೆ ಅಂದು ಗಾಡಿ ಬಂದಾಗಲೆಲ್ಲ ಅವಳು ಟೀವಿಯಲ್ಲಿ ಕಂಡ ಹಾಗೆ ಎರಡೂ ಕೈಯನ್ನು ಕೆನ್ನೆಗಿಟ್ಟು ಬಾಯಿ ಅಗಲಿಸುತ್ತಿದ್ದಳು. ಐದು ಟೇಕ್ ಆಯಿತು. ನಿರ್ದೇಶಕರು ಅವಳ ಮುಂದೆ ಮಂಡಿಯೂರಿ ಕೂತರು.

“ಪುಟ್ಟಿ, ಆಶ್ಚರ್ಯ ಮಾಡಬೇಡ. ಆಶ್ಚರ್ಯ ಪಡು.”

“ಸರ್, ಅದೇ ಗಾಡಿ ಐದು ಸಲ ಬಂತು. ಆ ಅಂಕಲ್ ಗಡ್ಡ ಕಿತ್ತೋಗಿ ಎಲ್ಡು ಸಲ ಅಂಟಿಸಿದ್ರು. ಹೆಂಗ್ ಆಶ್ಚರ್ಯ ಆಗ್ತದೆ ಹೇಳಿ?”

ಯಾರೂ ನಗಲಿಲ್ಲ. ಅವಳು ಹೇಳಿದ್ದರಲ್ಲಿ ತಪ್ಪೇ ಇರಲಿಲ್ಲ. ನಿರ್ದೇಶಕರು ಗಡಿಯಾರ ನೋಡಿ ಪ್ಯಾಕಪ್ ಹೇಳಿದರು.

ಎಲ್ಲರೂ ಸಾಮಾನು ಕಟ್ಟುತ್ತಿದ್ದಾಗ ನಾನು ಒಬ್ಬಳೇ ಪಶ್ಚಿಮದ ತಗ್ಗಿಗೆ ಇಳಿದು, ನನ್ನ ಕೆಂಪು ಜಾರುಬಂಡಿಯ ಪಕ್ಕ ಕೂತೆ. ಯಜಮಾನರು ಎತ್ತುಗಳ ನೊಗ ಬಿಚ್ಚಿ ನೀರು ಕುಡಿಸಲು ಪೂರ್ವದ ದಿಬ್ಬದ ಕಡೆ ಹೊಡೆದುಕೊಂಡು ಹೊರಟಿದ್ದರು. ಸುಮ್ಮನೆ ಅತ್ತ ನೋಡಿದೆ. ನೋಡಿದವಳು ಎದ್ದು ನಿಂತುಬಿಟ್ಟೆ.

ಸೂರ್ಯ ಅವರ ಎದುರಿಗಿದ್ದ. ಎತ್ತಿನ ಗೊರಸಿನಿಂದ ಎದ್ದ ಧೂಳಿನ ಕಣಕಣವೂ ಹೊಳೆಯುತ್ತಿತ್ತು. ಬೆಳಕೇ ಪುಡಿಯಾಗಿ ಮೇಲಿಂದ ಉದುರುತ್ತಿದೆಯೇನೋ ಅನ್ನಿಸುವಂತೆ. ಅದರ ನಡುವೆ ಆ ಉದ್ದನೆಯ, ಹಿಂದಕ್ಕೆ ಬಾಗಿ ಮತ್ತೆ ಮೇಲೇಳುವ ಕೊಂಬುಗಳು. ಯಾವ ಬಲ್ಬೂ ಬೇಕಿರಲಿಲ್ಲ. ಬಿಳಿ ಹಿಮಕ್ಕೆ ಪರದಾಡುತ್ತಿದ್ದ ನಮಗೆ ಎಮ್ಮೆದೊಡ್ಡಿಯ ಹಿಮ ಬಂಗಾರದ್ದೆಂಬುದು ಹೊಳೆದೇ ಇರಲಿಲ್ಲ.

ನಾನು ಓಡುತ್ತ ಹೋಗಿ ನಿರ್ದೇಶಕರ ತೋಳು ಹಿಡಿದು ಎಳೆದುಕೊಂಡು ಬಂದೆ. ಛಾಯಾಗ್ರಾಹಕರೂ ಹಿಂದೆಯೇ ಬಂದರು. ಇಬ್ಬರಿಗೂ ದಿಬ್ಬದ ಕಡೆ ಕೈ ತೋರಿಸಿದೆ.

“ದಿಕ್ಕು ತಿರುಗಿಸೋಣ ಸರ್,” ಎಂದೆ. “ಗಾಡಿ ಪೂರ್ವದಿಂದ ಬರಲಿ. ಹೊಗೆ ಬೇಡ, ಲೈಟು ಬೇಡ. ಈ ಜಾರುಬಂಡಿಯೂ ಬೇಡ.”

“ಮತ್ತೆ ಗಾಡಿ?”

“ನಿಜವಾದ ಗಾಡಿ ತರ್ತೀನಿ. ಮರದ ಚಕ್ರದ್ದು. ನಮ್ಮ ಹುಡುಗಿ ಅದನ್ನ ಶಾಟ್‌ಗೆ ಮೊದಲು ನೋಡಲೇ ಕೂಡದು. ಒಂದೇ ಟೇಕ್.”

ಛಾಯಾಗ್ರಾಹಕರು ತಲೆ ಅಲ್ಲಾಡಿಸಿದರು. ಸೂರ್ಯನಿಗೆ ಎದುರಾಗಿ, ಅಭ್ಯಾಸವೇ ಇಲ್ಲದೆ, ಮಗು ಎಲ್ಲಿ ನಿಲ್ಲುತ್ತದೋ ಯಾವ ಕಡೆ ಓಡುತ್ತದೋ ಗೊತ್ತಿಲ್ಲದೆ ಒಂದೇ ಟೇಕಿಗೆ ಕೈಹಾಕುವುದು ಹುಚ್ಚು ಎಂಬುದು ಅವರ ವಾದ. ತಪ್ಪಿದರೆ ಮರಳಿ ಅನುಮತಿ ಇಲ್ಲ. ನಿರ್ದೇಶಕರು ಮತ್ತೊಮ್ಮೆ ದಿಬ್ಬ ನೋಡಿದರು. ಆಮೇಲೆ ಒಂದೇ ಮಾತು: “ಐದು ದಿನ ಇದೆ. ಗಾಡಿ ತನ್ನಿ.”

ಮೊದಲು ಹುಡುಗಿಯ ತಾಯಿಯನ್ನು ಕೇಳಬೇಕಿತ್ತು. ದಿನವೂ ಮಗಳನ್ನು ಸ್ಕೂಟಿಯಲ್ಲಿ ಕೂರಿಸಿಕೊಂಡು ಬರುತ್ತಿದ್ದ ಹೆಂಗಸು. ನಾನು ಎಲ್ಲ ವಿವರಿಸಿದೆ. ಆಕೆ ಯೋಚಿಸಿ ಹೇಳಿದಳು:

“ಹೇಳ್ದೆ ಇರಿ, ಅಡ್ಡಿಯಿಲ್ಲ. ಆದ್ರೆ ಸುಳ್ಳು ಹೇಳ್ಬೇಡಿ ಕಣ್ರೀ. ಅವ್ಳು ಒಂದ್ಸಲ ಸುಳ್ಳು ಅಂತ ಹಿಡಿದ್ಲು ಅಂದ್ರೆ ಆಮೇಲೆ ದೇವ್ರೇ ಬಂದ್ರೂ ನಂಬಲ್ಲ. ಇನ್ನೊಂದು, ಆ ಕೊಂಬಿನ ಹತ್ರ ನನ್ ಮಗ್ಳು ಹೋಗ್ಕೂಡ್ದು.”

ಎರಡಕ್ಕೂ ಒಪ್ಪಿದೆ.

ಕಮಾನು ಗಾಡಿ ಸಿಕ್ಕಿದ್ದು ಅಜ್ಜಂಪುರದಲ್ಲಿ. ಹಳೆಯ ವ್ಯಾಪಾರಸ್ಥ ಕುಟುಂಬವೊಂದರ ಉಗ್ರಾಣದ ಹಿಂದೆ, ಕೊಬ್ಬರಿ ಚೀಲಗಳ ಮರೆಯಲ್ಲಿ. ಮನೆಯ ಹಿರಿಯರು ಮಠಕ್ಕೆ ಹೋಗಿಬರಲು ಬಳಸುತ್ತಿದ್ದ ಗಾಡಿಯಂತೆ. ಮೇಲಿನ ಬಿದಿರಿನ ಕಮಾನು ಗಟ್ಟಿಯಾಗಿತ್ತು. ಆದರೆ ಒಂದು ಚಕ್ರದ ಮರ ಒಣಗಿ ಕುಗ್ಗಿ, ಸುತ್ತಲಿನ ಕಬ್ಬಿಣದ ಪಟ್ಟಿ ಕೈಯಲ್ಲಿ ಅಲ್ಲಾಡಿಸಿದರೆ ಕಳಚಿಬರುವಂತಿತ್ತು. ಈ ಕೆಲಸ ಬಲ್ಲ ಬಡಗಿ ಒಬ್ಬರೇ ಉಳಿದಿದ್ದರು. ಈಗ ಬಾಗಿಲು, ಕಿಟಕಿ ಮಾಡುವವರು. ಚಕ್ರವನ್ನು ಬೆರಳಿನಿಂದ ತಟ್ಟಿ ಸದ್ದು ಕೇಳಿಸಿಕೊಂಡರು.

“ಮರ ಸತ್ತಿಲ್ಲ. ಪಟ್ಟಿ ಕತ್ತರಿಸಿ ಸಣ್ಣದು ಮಾಡಿ ಬಿಗೀಬೇಕು. ಮಾಡ್ದೆ ಇಪ್ಪತ್ತು ವರ್ಷಾಯ್ತು. ಕೈಗೆ ನೆನಪೈತಾ ನೋಡ್ಬೇಕು.”

ಗುರುವಾರ ಬೆಳಗ್ಗೆ ಅವರ ಅಂಗಡಿಯ ಹಿಂದಿನ ಬಯಲಲ್ಲಿ ಬೆರಣಿ ಒಟ್ಟಿ ಬೆಂಕಿ ಹಾಕಿದೆವು. ಕತ್ತರಿಸಿ ಬೆಸೆದ ಪಟ್ಟಿ ಚಕ್ರಕ್ಕಿಂತ ಒಂದು ಬೆರಳು ಚಿಕ್ಕದಾಗಿತ್ತು. ಕಾದು ಕೆಂಪಾದಾಗ ಹಿಗ್ಗುತ್ತದೆ, ಆಗ ಚಕ್ರಕ್ಕೆ ಏರಿಸಬೇಕು, ತಣಿದಾಗ ಕುಗ್ಗಿ ಮರವನ್ನು ಹಿಡಿಯುತ್ತದೆ. ತಡವಾದರೆ ಪಟ್ಟಿ ಏರುವುದಿಲ್ಲ. ನೀರು ಹಾಕುವುದು ತಡವಾದರೆ ಮರವೇ ಸುಟ್ಟುಹೋಗುತ್ತದೆ. ಮೊದಲ ಸಲ ಏರಿಸಿದಾಗ ಪಟ್ಟಿ ಓರೆಯಾಗಿ ಸಿಕ್ಕಿಕೊಂಡಿತು. ಬಡಗಿ ಬೈಯುತ್ತ ಅದನ್ನು ಬಡಿದು ತೆಗೆದು ಮತ್ತೆ ಬೆಂಕಿಗೆ ಹಾಕಿದರು. ಎರಡನೇ ಸಲ ನಾಲ್ಕು ಇಕ್ಕಳ ಒಟ್ಟಿಗೆ ಎದ್ದವು. “ಇಳ್ಸಿ! ಬಡೀರಿ! ನೀರು, ನೀರು ಕಣಮ್ಮ!” ಎಂದು ಅವರು ಕೂಗಿದರು. ನಾನು ಕೊಡಗಟ್ಟಲೆ ನೀರು ಸುರಿದೆ. ಬಿಸಿ ಹಬೆ ಮುಖಕ್ಕೆ ಹೊಡೆಯಿತು. ಆ ಹಬೆಯೊಳಗಿಂದ ಮರ ಬಿಗಿದುಕೊಳ್ಳುವ ಶಬ್ದ, ಟಕ್, ಟಕ್ ಎಂದು ಚಕ್ರದ ಅರಗಳು ಒಂದೊಂದಾಗಿ ಕೂರುವ ಶಬ್ದ ಕೇಳಿತು. ಬಡಗಿ ಚಕ್ರವನ್ನು ನಿಲ್ಲಿಸಿ ಬಯಲಲ್ಲಿ ಉರುಳಿಬಿಟ್ಟರು. ಅದು ಎಲ್ಲೂ ವಾಲದೆ ನೇರ ಹೋಗಿ ಬೇಲಿಗೆ ಬಡಿದು ನಿಂತಿತು. ಅವರು ಚಪ್ಪಾಳೆ ತಟ್ಟಿದರು. ನಾನೂ ತಟ್ಟಿದೆ. ರಸ್ತೆಯಲ್ಲಿ ಹೋಗುತ್ತಿದ್ದವರೂ ನಿಂತು ತಟ್ಟಿದರು.

ಅದೇ ಮಧ್ಯಾಹ್ನ ತರೀಕೆರೆಗೆ ಹೋಗಿ ಕುರಿಯುಣ್ಣೆಯ ಬಿಳಿ ಕಂಬಳಿಯೊಂದನ್ನು ಗಾಢ ಕೆಂಪಿಗೆ ಬಣ್ಣ ಹಾಕಿಸಿದೆ. ಹತ್ತಿಯ ಗಡ್ಡವನ್ನೂ ವೆಲ್ವೆಟ್ ಅಂಗಿಯನ್ನೂ ಪೆಟ್ಟಿಗೆಯಲ್ಲೇ ಬಿಟ್ಟೆವು. ಬೆಂಗಳೂರಿನ ನಟರಿಗೆ ಎತ್ತು ಹೊಡೆಯಲು ಬರುತ್ತಿರಲಿಲ್ಲ. ನಾನು ಹೇಳುವ ಮೊದಲೇ ಅವರೇ ಹೇಳಿದರು: “ಯಜಮಾನರೇ ಬರಲಿ ಬಿಡಿ. ಎದುರು ಬೆಳಕಲ್ಲಿ ಮುಖ ಹೇಗೂ ಕಾಣಲ್ಲ. ಆ ಕೂರೋ ಠೀವಿ ನನಗೆ ಬರಲ್ಲ.” ಅಷ್ಟು ದೊಡ್ಡ ಮನಸ್ಸು ನಾನು ಈ ಉದ್ಯಮದಲ್ಲಿ ಹೆಚ್ಚು ಕಂಡಿಲ್ಲ.

ಯಜಮಾನರು ಒಪ್ಪಲಿಲ್ಲ. “ನಂಗೆ ಆಕ್ಟಿಂಗ್ ಬರಲ್ಲ ಕಣವ್ವ.”

“ಗಾಡಿ ಹೊಡೆಯೋಕೆ ಬರುತ್ತಲ್ಲ?”

“ಅದ್ ಬರ್ದೆ ಏನು?”

“ಅಷ್ಟೇ ಕೆಲಸ.”

ಕಂಬಳಿ ಹೊದ್ದು ನೋಡಿ, ಬೆಚ್ಚಗಿದೆ ಎಂದು ಒಪ್ಪಿಕೊಂಡರು.

ಶುಕ್ರವಾರ ಹೊಸ ತೊಂದರೆ. ಎತ್ತುಗಳು ಟೈರ್ ಗಾಡಿಗೆ ಒಗ್ಗಿದ್ದವು. ಮರದ ಚಕ್ರ ಕಲ್ಲಿನ ಮೇಲೆ ಕಟಕಟ ಎಂದದ್ದೇ ಬೆಚ್ಚಿ, ನೊಗ ಹೊತ್ತುಕೊಂಡೇ ಅಡ್ಡ ತಿರುಗಿ, ಗಾಡಿಯನ್ನು ಬೇಲಿಗೆ ಎಳೆದವು. ನಾನು ಕಿರುಚಿದೆ. ಯಜಮಾನರು ಮಾತ್ರ ಏನೂ ಆಗದವರಂತೆ ಎತ್ತು ಬಿಚ್ಚಿದರು. ಅವತ್ತೆಲ್ಲ ಅವುಗಳನ್ನು ಗಾಡಿಗೆ ಹೂಡಲೇ ಇಲ್ಲ. ಗಾಡಿಯೊಳಗೆ ಹುಲ್ಲು ಹಾಕಿ ಅಲ್ಲಿಂದಲೇ ಮೇಯಿಸಿದರು. ಆಮೇಲೆ ನಾವೆಲ್ಲ ಸೇರಿ ಗಾಡಿಯನ್ನು ಕೈಯಲ್ಲಿ ತಳ್ಳಿದೆವು, ಎತ್ತುಗಳು ಪಕ್ಕದಲ್ಲಿ ಹುಲ್ಲು ಕೀಳುತ್ತ ನಡೆದವು. ಶನಿವಾರ ಬೆಳಗ್ಗೆ ಹೂಡಿದಾಗ ಕಿವಿ ಒಮ್ಮೆ ನಿಮಿರಿಸಿದವು, ಅಷ್ಟೇ. “ಅವ್ಕೆ ಅದು ಊಟದ ಸದ್ದು ಈಗ,” ಎಂದರು ಯಜಮಾನರು.

ಭಾನುವಾರ. ಬೆಳಕು ಹರಿಯುವ ಮೊದಲೇ ಗಾಡಿಯನ್ನು ದಿಬ್ಬದ ಆಚೆ ನಿಲ್ಲಿಸಿದೆವು. ಕಮಾನಿನೊಳಗೆ ಪುಟ್ಟ ಮೈಕ್ ಕಟ್ಟಿದೆ. ಎತ್ತಿನ ಕೊಂಬಿನ ತುದಿಗೆ ಯಜಮಾನರ ಮನೆಯದೇ ಹಿತ್ತಾಳೆ ಅಣಸು, ಕೊರಳಿಗೆ ಗಂಟೆ. ಸದ್ದಾಗದಿರಲೆಂದು ಗಂಟೆಗಳಿಗೆ ಹುಲ್ಲು ತುರುಕಿದ್ದೆವು. ಅಲ್ಲಿ ಫೋನ್ ಹಿಡಿಯುವುದಿಲ್ಲ, ವಾಕಿಟಾಕಿ ಕಿರುಗುಟ್ಟಿದರೆ ಹುಡುಗಿಗೆ ಕೇಳುತ್ತದೆ. ಯಾವಾಗ ಹೊರಡಬೇಕು ಎಂದು ಯಜಮಾನರು ಕೇಳಿದರು. “ಸೂರ್ಯ ಒಂದು ಗೇಣು ಮೇಲೆ ಬಂದಾಗ ಗಂಟೆಯ ಹುಲ್ಲು ತೆಗೆದು ಹೊರಡಿ. ದಿಬ್ಬ ಇಳಿದು ಬಿಳಿ ಕಲ್ಲಿನ ಹತ್ತಿರ ನಿಲ್ಲಿಸಿಬಿಡಿ,” ಎಂದೆ. ಆ ಕಲ್ಲಿಗೂ ಮಗು ನಿಲ್ಲುವ ಜಾಗಕ್ಕೂ ನಡುವೆ ಮೂವತ್ತು ಹೆಜ್ಜೆ. ಕಲ್ಲಿನ ಪಕ್ಕದ ಪೊದೆಯಲ್ಲಿ ಎತ್ತು ಬೆಚ್ಚಿದರೆ ಹಿಡಿಯಲೆಂದು ಯಜಮಾನರ ಇಬ್ಬರು ಅಳಿಯಂದಿರು ಕೂತಿದ್ದರು.

ಒಂದು ಕ್ಯಾಮೆರಾ ಹುಡುಗಿಯ ಬೆನ್ನ ಹಿಂದೆ, ದಿಬ್ಬಕ್ಕೆ ಗುರಿಯಿಟ್ಟು. ಮುಖ್ಯ ಕ್ಯಾಮೆರಾ ಅವಳ ಬಲಕ್ಕೆ, ಕಾರೆಗಿಡದ ಮರೆಯಲ್ಲಿ, ಅವಳ ಮುಖಕ್ಕೆ. ಅದರ ಹಿಂದೆ ನಾವು ಇಪ್ಪತ್ತು ಜನ.

ಸ್ಕೂಟಿಯಿಂದಿಳಿದ ಹುಡುಗಿ ಸುತ್ತ ನೋಡಿದಳು. “ಅಕ್ಕ, ಕೆಂಪು ಗಾಡಿ ಎಲ್ಲಿ?”

“ಅದು ಬೇಡ ಅಂತ ಬಿಟ್ವಿ.”

“ಮತ್ತೆ ಇವತ್ತು ಯಾವ್ ಗಾಡಿ ಬರ್ತದೆ?”

“ಅದನ್ನ ಹೇಳಲ್ಲ. ಕೇಳ್ಬೇಡ.”

ಅವಳು ತಾಯಿಯ ಮುಖ ನೋಡಿದಳು. ತಾಯಿ ತುಟಿ ಬಿಗಿಹಿಡಿದಿದ್ದಳು. ನಿರ್ದೇಶಕರು ಅವಳಿಗೆ ಹೇಳಿದ್ದು ಇಷ್ಟು: “ಕಾಗದ ಬರೆದಿದ್ದೀಯ. ಕಾಯ್ತಾ ನಿಲ್ಲು. ಏನು ಮಾಡಬೇಕು ಅನ್ನಿಸುತ್ತೋ ಮಾಡು. ಆ ಸುಣ್ಣದ ಗೆರೆ ಮಾತ್ರ ದಾಟಬೇಡ.”

ಕ್ಯಾಮೆರಾ ಓಡತೊಡಗಿತು. ಆಗಲೇ ಮೋಡದ ಒಂದು ಪಟ್ಟಿ ಬಂದು ಸೂರ್ಯನನ್ನು ಮುಚ್ಚಿತು. ಸೂರ್ಯ ಕಾಣದೆ ಯಜಮಾನರು ಹೊರಡುವುದಿಲ್ಲ.

ಎರಡು ನಿಮಿಷ. ನಾಲ್ಕು ನಿಮಿಷ. ಹುಡುಗಿ ಹುಲ್ಲು ಒದ್ದಳು. ಆಕಳಿಸಿದಳು. ಫ್ರಾಕಿನ ಅಂಚು ಬೆರಳಿಗೆ ಸುತ್ತಿಕೊಂಡಳು. ಕಾಯುವುದನ್ನು ಅವಳು ಅಭಿನಯಿಸುತ್ತಿರಲಿಲ್ಲ, ಕಾಯುತ್ತಿದ್ದಳು. ಛಾಯಾಗ್ರಾಹಕರು ನನ್ನ ಕಡೆ ತಿರುಗಿ ನೋಡಿದ ನೋಟ ಇಂದಿಗೂ ಕಣ್ಣಿಗೆ ಕಟ್ಟಿದ ಹಾಗಿದೆ. ಎಂಟನೇ ನಿಮಿಷಕ್ಕೆ ಮೋಡ ಸರಿಯಿತು. ದಿಬ್ಬದ ಅಂಚು ಹತ್ತಿಕೊಂಡಂತೆ ಹೊಳೆಯಿತು.

ಮೊದಲು ಕೇಳಿದ್ದು ಗಂಟೆ. ಅವಳ ಕೈ ನಿಂತಿತು. ತಲೆ ಓರೆಯಾಯಿತು. ಆಮೇಲೆ ಚಕ್ರದ ಕಟಕಟ. ದಿಬ್ಬದ ನೆತ್ತಿಯಲ್ಲಿ ಮೊದಲು ಮೂಡಿದ್ದು ನಾಲ್ಕು ಕೊಂಬುಗಳು, ಗಾಳಿಗೆ ಬಾಗಿದ ಕೊಂಬೆಗಳ ಹಾಗೆ. ಅವುಗಳ ಹಿಂದೆ ಕಮಾನು, ಕೆಂಪು ಕಂಬಳಿ. ಸುತ್ತಲೂ ಎದ್ದು ಇಳಿಯುತ್ತಿದ್ದ ಬಂಗಾರದ ಪುಡಿ. ಗಾಡಿಯನ್ನು ಬೋಲ್ಟು ಬೋಲ್ಟಾಗಿ ಬಲ್ಲ ನನಗೇ ಅದು ಎಲ್ಲಿಂದಲೋ ಬಂದಂತೆ ಕಂಡಿತು.

ಹುಡುಗಿ ಬಾಯಿ ತೆರೆಯಲಿಲ್ಲ. ಕೆನ್ನೆಗೆ ಕೈಯಿಡಲಿಲ್ಲ. ಒಂದು ಹೆಜ್ಜೆ ಹಿಂದಕ್ಕಿಟ್ಟಳು. ಆಮೇಲೆ, ಯಾವ ನಟನಟಿಯೂ ಮಾಡಬಾರದ್ದನ್ನು ಮಾಡಿದಳು. ತಟ್ಟನೆ ಬಲಕ್ಕೆ ತಿರುಗಿ, ನೇರ ಲೆನ್ಸಿನೊಳಗೆ, ನಮ್ಮೆಲ್ಲರನ್ನೂ ನೋಡಿ, ತುಟಿಯ ಮೇಲೆ ಬೆರಳಿಟ್ಟಳು.

“ಶ್! ಯಾರೂ ಮಾತಾಡ್ಬೇಡಿ. ಬಂದವ್ನೆ.”

ನಮ್ಮ ಗದ್ದಲಕ್ಕೆ ಅವನು ಹೆದರಿ ಹಿಂದಿರುಗಿಬಿಟ್ಟಾನು ಎಂಬ ಆತಂಕ ಆ ಕಣ್ಣುಗಳಲ್ಲಿತ್ತು. ಛಾಯಾಗ್ರಾಹಕರು ಹಣೆ ಚಚ್ಚಿಕೊಳ್ಳಲು ಕೈಯೆತ್ತಿದರು. ನಿರ್ದೇಶಕರು ಆ ಕೈಯನ್ನು ಗಾಳಿಯಲ್ಲೇ ಹಿಡಿದರು. ಕಟ್ ಹೇಳಲಿಲ್ಲ. ಅವಳು ಮತ್ತೆ ದಿಬ್ಬದ ಕಡೆ ತಿರುಗಿದಳು. ಗಾಡಿ ಬಿಳಿ ಕಲ್ಲಿನ ಬಳಿ ನಿಂತಿತು. ಅವಳು ಗೆರೆಯ ತನಕ ನಡೆದುಹೋಗಿ, ಕತ್ತೆತ್ತಿ, ಚಿತ್ರಕಥೆಯಲ್ಲಿ ಇಲ್ಲದ ಮಾತೊಂದನ್ನು ಕೇಳಿದಳು.

“ನಮ್ಮೂರು ಸಿಕ್ತಾ ನಿಮ್ಗೆ?”

ಆಕ್ಟಿಂಗ್ ಬಾರದ ಯಜಮಾನರು ಕಂಬಳಿಯೊಳಗಿಂದ ಉತ್ತರ ಕೊಟ್ಟರು. “ಸಿಗ್ದೆ ಏನವ್ವ? ಕೇಳ್ಕೊಂಡ್ ಬಂದೆ.”

ನಿರ್ದೇಶಕರು ಕಟ್ ಎಂದರು. ಆಮೇಲೆ ಎದ್ದ ಕೇಕೆಗೆ ಎತ್ತುಗಳು ಬೆಚ್ಚುತ್ತವೆಂದು ಅಳಿಯಂದಿರು ಓಡಿ ಬಂದು ಹಗ್ಗ ಹಿಡಿದರು. ಹುಡುಗಿಯ ತಾಯಿ ಸೆರಗಲ್ಲಿ ಕಣ್ಣೊರೆಸಿಕೊಳ್ಳುತ್ತ ನಗುತ್ತಿದ್ದಳು.

ಹುಡುಗಿ ಮಾತ್ರ ನನ್ನ ಬಳಿಗೆ ಗಂಭೀರವಾಗಿ ಬಂದಳು. ಬರುತ್ತಾಳೆಂದು ಗೊತ್ತಿತ್ತು. ಸುಳ್ಳು ಹೇಳಬಾರದೆಂದು ಮೊದಲೇ ಗಟ್ಟಿ ಮಾಡಿಕೊಂಡಿದ್ದೆ.

“ಅಕ್ಕ, ಆ ಗಾಡಿ ನೀವ್ ಮಾಡಿದ್ದಾ?”

“ಹೂಂ. ಹಳೇ ಗಾಡಿ, ನಾನು, ಅಜ್ಜಂಪುರದ ಒಬ್ಬರು ಬಡಗಿ ಸೇರಿ ಸರಿಮಾಡಿದ್ವಿ.”

“ಎತ್ತು?”

“ಆ ಅಜ್ಜಂದು.”

“ಆ ಹೊಳೀತಿತ್ತಲ್ಲ, ಸುತ್ತ, ಉದುರ್ತಿತ್ತಲ್ಲ, ಅದು?”

“ಅದು ನಾವು ಮಾಡಿದ್ದಲ್ಲ. ತಾನಾಗಿ ಆಯ್ತು.”

ಅವಳು ದಿಬ್ಬದ ಕಡೆ ನೋಡಿದಳು. ಧೂಳು ಕೂತು ಅಲ್ಲಿ ಬರೀ ಹುಲ್ಲಿತ್ತು. “ಅಷ್ಟ್ ಸಾಕು ಬಿಡಿ,” ಎಂದು ಹೇಳಿ ಇಡ್ಲಿ ತಿನ್ನಲು ಓಡಿದಳು. ಏನಕ್ಕೆ ಸಾಕು ಎಂದು ಕೇಳುವ ಧೈರ್ಯ ನನಗಾಗಲಿಲ್ಲ.

ಲೆನ್ಸ್ ನೋಡಿದ ಆ ಕ್ಷಣದ ಬಗ್ಗೆ ಸಂಕಲನದ ಕೋಣೆಯಲ್ಲಿ ವಾರಗಟ್ಟಲೆ ವಾದ ನಡೆಯಿತು. ಕತ್ತರಿಸಿದರೆ ದೃಶ್ಯ ಸುಂದರವಾಗಿತ್ತು, ಸರಿಯಾಗಿಯೂ ಇತ್ತು. ಉಳಿಸಿದರೆ ಸಿನಿಮಾ ಮಾಡುತ್ತಿದ್ದೇವೆಂಬ ಗುಟ್ಟು ಬಯಲಾಗುತ್ತಿತ್ತು. ಛಾಯಾಗ್ರಾಹಕರು ಕೊನೆಯವರೆಗೂ ಬೇಡವೆಂದರು. ನಾನು ಬೇಕೆಂದೆ. ನಿರ್ದೇಶಕರು ಉಳಿಸಿದರು.

ಅದು ಸರಿಯೋ ತಪ್ಪೋ ಎಂಬುದು ತಿಳಿದದ್ದು ಮರುವರ್ಷ, ಕಡೂರಿನ ಚಿತ್ರಮಂದಿರದಲ್ಲಿ. ಸುತ್ತಲಿನ ಶಾಲೆಗಳ ಮಕ್ಕಳಿಗೆಂದೇ ಇಟ್ಟಿದ್ದ ಬೆಳಗಿನ ಆಟ. ಒಳಗೆ ಕಾಲಿಟ್ಟಾಗಲೇ ಹೆದರಿದೆ. ಸೀಟಿನ ಮೇಲೆ ಹತ್ತುವವರು, ಚೌಚೌ ಹಂಚುವವರು, “ಲೇ, ಜಾಗ ಬಿಡೋ!” ಎಂದು ಕಿರುಚುವವರು. ಸಿನಿಮಾ ಅರ್ಧ ಮುಗಿದರೂ ಗಲಾಟೆ ಇಳಿಯಲಿಲ್ಲ. ಈಗ ಹತ್ತು ತುಂಬಿದ್ದ ನಮ್ಮ ಹುಡುಗಿ ನನ್ನ ಪಕ್ಕ ಕೂತು ಉಗುರು ಕಚ್ಚುತ್ತಿದ್ದಳು. ನಲವತ್ತೆರಡನೇ ದೃಶ್ಯ ಬಂತು. ಗಂಟೆ ಕೇಳಿತು. ಪರದೆಯ ಮೇಲಿನ ಹುಡುಗಿ ತಿರುಗಿ, ಆ ಇಡೀ ಮಂದಿರವನ್ನು ನೇರ ನೋಡಿ, ತುಟಿಗೆ ಬೆರಳಿಟ್ಟಳು.

ಎಲ್ಲ ಮಕ್ಕಳೂ ಒಂದೇ ಏಟಿಗೆ ಸುಮ್ಮನಾದರು. ಚೌಚೌ ಪೊಟ್ಟಣದ ಸರಪರವೂ ಇಲ್ಲ. ಆ ನಿಶ್ಶಬ್ದದಲ್ಲಿ ಮರದ ಚಕ್ರ ಕಲ್ಲಿನ ಮೇಲೆ ಉರುಳುತ್ತ ಬಂತು. ಮುಂದಿನ ಸಾಲಿನ ಒಂದು ಪುಟ್ಟ ಮಗು ಮೆಲ್ಲನೆ ಎದ್ದು ನಿಂತಿತು. ಅದರ ಹಿಂದಿನವು ಎದ್ದವು. ಅವುಗಳ ಹಿಂದಿನವೂ.

ನಮ್ಮ ಹುಡುಗಿ ಪರದೆ ನೋಡುತ್ತಿರಲಿಲ್ಲ. ಸೀಟಿನ ಮೇಲೆ ಮಂಡಿಯೂರಿ, ಹಿಂದಕ್ಕೆ ತಿರುಗಿ, ಆ ಮುಖಗಳನ್ನು ನೋಡುತ್ತಿದ್ದಳು.

“ಅಕ್ಕ,” ಎಂದು ನನ್ನ ತೋಳು ಹಿಂಡಿದಳು, ಪಿಸುಮಾತಿನಲ್ಲಿ, ಆದರೆ ಕುಣಿಯುವ ದನಿಯಲ್ಲಿ. “ಇವ್ರಿಗೂ ಕಾಣ್ತಾ ಐತೆ ಕಣಕ್ಕ!”